ವಂಶಾವಳಿಯ ಪತ್ರವೂ ದೀಕ್ಷಾಸ್ನಾನದ ಪುಸ್ತಕವೂ: ಜಾತಿ ಪ್ರಮಾಣಪತ್ರದ ಪರಿಶೀಲನೆ, ನ್ಯಾಯಾಲಯ ಮತ್ತು ಸಭೆ

ಬಾಬೆಲಿನ ಸೆರೆಯಿಂದ ಯೆರೂಸಲೇಮಿಗೆ ಹಿಂದಿರುಗಿದವರ ಪಟ್ಟಿ ಎಜ್ರನ ಗ್ರಂಥದ ಎರಡನೆಯ ಅಧ್ಯಾಯದಲ್ಲಿದೆ. ಆ ಉದ್ದವಾದ ಪಟ್ಟಿಯ ಕೊನೆಯಲ್ಲಿ ನಾವು ಸಾಮಾನ್ಯವಾಗಿ ಓದದೆ ದಾಟಿಹೋಗುವ ಒಂದು ಪ್ರಸಂಗ ಬರುತ್ತದೆ. ಹಬಾಯ, ಹಕ್ಕೋಚ್, ಬರ್ಜಿಲ್ಲೈ ಎಂಬ ಮೂರು ಮನೆತನದವರು ತಾವು ಯಾಜಕರೆಂದು ಹೇಳಿಕೊಂಡರು. ವಂಶಾವಳಿಯ ದಾಖಲೆಗಳಲ್ಲಿ ಹುಡುಕಿದಾಗ ಅವರ ಹೆಸರು ಸಿಕ್ಕಲಿಲ್ಲ. ಅವರನ್ನು ಯಾಜಕಸೇವೆಯಿಂದ ಹೊರಗಿಡಲಾಯಿತು. ಊರೀಮ್ ತುಮ್ಮೀಮ್‌ಗಳಿಂದ ದೈವನಿರ್ಣಯವನ್ನು ಕೇಳಬಲ್ಲ ಯಾಜಕನು ಬರುವವರೆಗೆ ಅವರು ಮಹಾಪವಿತ್ರ ಪದಾರ್ಥಗಳನ್ನು ಉಣ್ಣಬಾರದೆಂದು ದೇಶಾಧಿಪತಿಯು ಆಜ್ಞಾಪಿಸಿದನು. ಹುಟ್ಟಿನ ಆಧಾರದ ಮೇಲೆ ಒಂದು ಹಕ್ಕನ್ನು ಕೇಳುವುದು, ದಾಖಲೆಯಲ್ಲಿ ಹೆಸರಿಲ್ಲದಿರುವುದು, ಅಧಿಕಾರಿಯು ನಿರ್ಣಯವನ್ನು ತಡೆಹಿಡಿಯುವುದು ಇವು ಮೂರೂ ನಮ್ಮ ದಿನಗಳಿಗೆ ಅಪರಿಚಿತವಾದ ಸಂಗತಿಗಳಲ್ಲ.

ನಮ್ಮ ದೇಶದಲ್ಲಿ ಜಾತಿ ಪ್ರಮಾಣಪತ್ರದ ಪರಿಶೀಲನೆಯು ಕಳೆದ ಕೆಲವು ದಶಕಗಳಲ್ಲಿ ಒಂದು ದೊಡ್ಡ ನ್ಯಾಯಶಾಖೆಯಾಗಿ ಬೆಳೆದಿದೆ. ಆ ಶಾಖೆಯ ನೆರಳು ನಮ್ಮ ಸಭೆಗಳ ಕಚೇರಿಯ ಕಪಾಟಿನವರೆಗೂ ಬಂದಿದೆ. ಏಕೆಂದರೆ ದೀಕ್ಷಾಸ್ನಾನದ, ವಿವಾಹದ, ಶವಸಂಸ್ಕಾರದ ಪುಸ್ತಕಗಳು ಅಲ್ಲಿವೆ. ಪರಿಶೀಲನೆಯ ಕ್ರಮವೇನು, ಅದನ್ನು ನ್ಯಾಯಾಲಯದಲ್ಲಿ ಹೇಗೆ ಪ್ರಶ್ನಿಸಲಾಗಿದೆ, ಆ ತೀರ್ಪುಗಳು ಸಭಾಪಾಲಕನ ಮೇಲೆ ಯಾವ ಹೊಣೆಯನ್ನು ಹೊರಿಸುತ್ತವೆ ಎಂಬುದನ್ನು ಈ ಲೇಖನದಲ್ಲಿ ವಿವರಿಸಲು ಬಯಸುತ್ತೇವೆ.

ಪ್ರಮಾಣಪತ್ರ ಮತ್ತು ಸಿಂಧುತ್ವ

ಸಂವಿಧಾನದ 341ನೆಯ ಅನುಚ್ಛೇದವು ಪರಿಶಿಷ್ಟ ಜಾತಿಗಳ ಪಟ್ಟಿಯನ್ನೂ 342ನೆಯ ಅನುಚ್ಛೇದವು ಪರಿಶಿಷ್ಟ ಪಂಗಡಗಳ ಪಟ್ಟಿಯನ್ನೂ ಪ್ರಕಟಿಸುವ ಅಧಿಕಾರವನ್ನು ರಾಷ್ಟ್ರಪತಿಗೆ ಕೊಡುತ್ತವೆ. ಒಮ್ಮೆ ಪ್ರಕಟವಾದ ಪಟ್ಟಿಗೆ ಒಂದು ಹೆಸರನ್ನು ಸೇರಿಸುವ ಅಥವಾ ಅದರಿಂದ ತೆಗೆಯುವ ಅಧಿಕಾರ ಸಂಸತ್ತಿಗೆ ಮಾತ್ರ ಇದೆ. ಹೀಗೆ ಪಟ್ಟಿಯು ಜಾತಿಗಳನ್ನು ಹೆಸರಿಸುತ್ತದೆ. ಆದರೆ ಇಂಥ ವ್ಯಕ್ತಿ ಆ ಜಾತಿಗೆ ಸೇರಿದವನೋ ಅಲ್ಲವೋ ಎಂಬುದನ್ನು ಪಟ್ಟಿ ಹೇಳಲಾರದು. ಅದನ್ನು ಹೇಳುವ ಕಾಗದವೇ ಜಾತಿ ಪ್ರಮಾಣಪತ್ರ.

ಕರ್ನಾಟಕದಲ್ಲಿ ಇದಕ್ಕೆ 1990ರ ಮೀಸಲಾತಿ ಅಧಿನಿಯಮ ಮತ್ತು ಅದರಡಿ 1992ರಲ್ಲಿ ರಚಿತವಾದ ನಿಯಮಗಳು ಆಧಾರ. ತಹಶೀಲ್ದಾರರು ಪ್ರಮಾಣಪತ್ರವನ್ನು ಕೊಡುತ್ತಾರೆ. ಅವರ ಆದೇಶದ ವಿರುದ್ಧ ಉಪವಿಭಾಗದ ಅಸಿಸ್ಟೆಂಟ್ ಕಮಿಷನರರಲ್ಲಿ ಮೇಲ್ಮನವಿ ಸಲ್ಲಿಸಬಹುದು. ಉದ್ಯೋಗಕ್ಕೆ ಆಯ್ಕೆಯಾದಾಗ ಆ ಪತ್ರವು ಜಿಲ್ಲಾ ಜಾತಿ ಪರಿಶೀಲನಾ ಸಮಿತಿಯ ಮುಂದೆ ಹೋಗುತ್ತದೆ. ಸಮಿತಿಯು ತೃಪ್ತಿಗೊಂಡರೆ ಸಿಂಧುತ್ವ ಪ್ರಮಾಣಪತ್ರವನ್ನು ನೀಡುತ್ತದೆ. ಸುಳ್ಳು ಪತ್ರದ ದೂರುಗಳನ್ನು ಪೊಲೀಸ್ ಇಲಾಖೆಯ ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯವು ತನಿಖೆ ಮಾಡುತ್ತದೆ. ತಹಶೀಲ್ದಾರರ ಪತ್ರವು ಹಕ್ಕಿನ ಬಾಗಿಲನ್ನು ತೆರೆಯುವುದಾದರೆ, ಸಿಂಧುತ್ವವು ಆ ಬಾಗಿಲನ್ನು ದಾಟಿಸುತ್ತದೆ. ಬಹುತೇಕ ವ್ಯಾಜ್ಯಗಳು ಈ ಎರಡರ ನಡುವೆ ಹುಟ್ಟುತ್ತವೆ.

ಈ ವ್ಯವಸ್ಥೆಗೆ ದೇಶವ್ಯಾಪಿ ರೂಪ ದೊರೆತದ್ದು 1994ರ ಸೆಪ್ಟೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಮಾಧುರಿ ಪಾಟೀಲ್ ಪ್ರಕರಣದಲ್ಲಿ ಕೊಟ್ಟ ತೀರ್ಪಿನಿಂದ. ಮಹಾರಾಷ್ಟ್ರದಲ್ಲಿ ಮಹಾದೇವ ಕೋಳಿ ಎಂಬ ಪರಿಶಿಷ್ಟ ಪಂಗಡದ ಹೆಸರಿನಲ್ಲಿ ವೃತ್ತಿಶಿಕ್ಷಣದ ಸ್ಥಾನಗಳನ್ನು ಪಡೆದಿದ್ದ ಕುಟುಂಬವು ವಾಸ್ತವದಲ್ಲಿ ಹಿಂದುಳಿದ ವರ್ಗದ ಕೋಳಿ ಸಮುದಾಯಕ್ಕೆ ಸೇರಿದೆಯೆಂದು ಪರಿಶೀಲನೆಯಲ್ಲಿ ನಿರ್ಣಯವಾಗಿತ್ತು. ಆ ಸಂದರ್ಭದಲ್ಲಿ ನ್ಯಾಯಾಲಯವು ಹದಿನೈದು ನಿರ್ದೇಶನಗಳನ್ನು ಹೊರಡಿಸಿತು. ಪ್ರತಿ ರಾಜ್ಯವೂ ಮೂವರು ಅಧಿಕಾರಿಗಳ ಪರಿಶೀಲನಾ ಸಮಿತಿಯನ್ನು ರಚಿಸಬೇಕು. ಅದರ ಕೈಕೆಳಗೆ ಪೊಲೀಸ್ ಅಧಿಕಾರಿಗಳ ಜಾಗೃತ ದಳ ಇರಬೇಕು. ಆ ದಳದವರು ಅರ್ಜಿದಾರನ ಈಗಿನ ವಾಸಸ್ಥಳಕ್ಕೂ ಮೂಲ ಊರಿಗೂ ಹೋಗಿ ಶಾಲೆಯ ಮತ್ತು ಜನನದ ದಾಖಲೆಗಳನ್ನು ನೋಡಬೇಕು; ತಂದೆತಾಯಿಗಳನ್ನೂ ಕುಟುಂಬವನ್ನು ಬಲ್ಲವರನ್ನೂ ವಿಚಾರಿಸಬೇಕು. ಪಂಗಡಗಳ ವಿಷಯದಲ್ಲಿ ಕುಲದೈವ, ಆಚರಣೆ, ಮದುವೆಯ ಕ್ರಮ, ಸಾವಿನ ವಿಧಿ, ಶವವನ್ನು ಹೂಳುವ ರೀತಿ ಇವುಗಳನ್ನೂ ಕೇಳಿ ವರದಿ ಬರೆಯಬೇಕು. ವರದಿ ವಿರುದ್ಧವಾಗಿದ್ದರೆ ಅದರ ಪ್ರತಿಯೊಂದಿಗೆ ಅರ್ಜಿದಾರನಿಗೆ ನೋಟಿಸು ಕೊಟ್ಟು ಉತ್ತರಕ್ಕೆ ಅವಕಾಶ ಮಾಡಿಕೊಡಬೇಕು. ಅಗತ್ಯವಿದ್ದರೆ ಊರಿನಲ್ಲಿ ಡಂಗುರ ಸಾರಿಸಿ ಆಕ್ಷೇಪಣೆಗಳನ್ನು ಆಹ್ವಾನಿಸಬೇಕು. ತನ್ನ ಜಾತಿಯನ್ನು ರುಜುವಾತುಪಡಿಸುವ ಭಾರ ಅರ್ಜಿದಾರನದೇ.

ಪರಿಶೀಲನೆಯನ್ನೇ ಪ್ರಶ್ನಿಸಿದಾಗ

ಈ ಕ್ರಮದ ವಿರುದ್ಧ ಹೂಡಲಾದ ದಾವೆಗಳನ್ನು ನಾವು ನಾಲ್ಕು ಬಗೆಯಾಗಿ ವಿಂಗಡಿಸಬಹುದು.

ಮೊದಲನೆಯದು ಅಧಿಕಾರದ ಪ್ರಶ್ನೆ. ಶಾಸನ ಮಾಡುವುದು ಶಾಸಕಾಂಗದ ಕೆಲಸವಾಗಿರುವಾಗ ನ್ಯಾಯಾಲಯವೇ ಇಂಥ ವ್ಯವಸ್ಥೆಯನ್ನು ನಿರ್ಮಿಸಬಹುದೇ? 2011ರಲ್ಲಿ ದಯಾರಾಮ್ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠವು ಇದಕ್ಕೆ ಉತ್ತರ ಕೊಟ್ಟಿತು. ಶಾಸನವಿಲ್ಲದ ಕಡೆ ಮೂಲಭೂತ ಹಕ್ಕುಗಳ ರಕ್ಷಣೆಗಾಗಿ, ಶಾಸನ ಬರುವವರೆಗೆ, ಆ ನಿರ್ದೇಶನಗಳು ಊರ್ಜಿತವೆಂದು ಅದು ಹೇಳಿತು. ಆದರೆ ಉಚ್ಚ ನ್ಯಾಯಾಲಯದ ಏಕಸದಸ್ಯ ಪೀಠದ ತೀರ್ಪಿನ ಮೇಲೆ ವಿಭಾಗೀಯ ಪೀಠಕ್ಕೆ ಮೇಲ್ಮನವಿ ಇಲ್ಲವೆಂದು 1994ರಲ್ಲಿ ಹೇಳಿದ್ದನ್ನು ಮಾತ್ರ ಅದು ಒಪ್ಪಲಿಲ್ಲ; ಕಾನೂನು ಕೊಟ್ಟಿರುವ ಮೇಲ್ಮನವಿಯ ಹಕ್ಕನ್ನು ನಿರ್ದೇಶನದ ಮೂಲಕ ಕಸಿಯಲಾಗದು. ನ್ಯಾಯಾಲಯವು ತಾನು ಕಟ್ಟಿದ ವ್ಯವಸ್ಥೆಯ ಒಂದು ಕಲ್ಲನ್ನು ತಾನೇ ತೆಗೆದಿಟ್ಟ ಸಂದರ್ಭವಿದು.

ಎರಡನೆಯದು ಪಟ್ಟಿಯ ಅರ್ಥದ ಪ್ರಶ್ನೆ. ಇದರ ಪ್ರಸಿದ್ಧ ಉದಾಹರಣೆ ನಮ್ಮ ನಾಡಿನದೇ. 1962ರ ಚುನಾವಣೆಯಲ್ಲಿ ಬೆಂಗಳೂರು ದಕ್ಷಿಣದ ಮೀಸಲು ಕ್ಷೇತ್ರದಿಂದ ಗೆದ್ದ ಮುನಿಚಿನ್ನಪ್ಪನವರು ತಾವು ಭೋವಿ ಎಂದಿದ್ದರು. ಅವರು ವಡ್ಡರು, ಪಟ್ಟಿಯಲ್ಲಿ ಆ ಹೆಸರಿಲ್ಲ ಎಂದು ಬಸವಲಿಂಗಪ್ಪನವರು ವಾದಿಸಿದರು. ಪಟ್ಟಿಯಲ್ಲಿರುವ ಜಾತಿಗೆ ಬೇರೊಂದು ಜಾತಿಯನ್ನು ಸಮಾನವೆಂದು ತೋರಿಸಲು ಸಾಕ್ಷ್ಯವನ್ನು ಸಾಮಾನ್ಯವಾಗಿ ಒಪ್ಪಲಾಗದೆಂದು 1964ರಲ್ಲಿ ಸರ್ವೋಚ್ಚ ನ್ಯಾಯಾಲಯದ ಸಂವಿಧಾನ ಪೀಠವು ಹೇಳಿತು. ಆದರೆ ರಾಜ್ಯಗಳ ಪುನರ್ವಿಂಗಡಣೆಗೆ ಮುಂಚಿನ ಮೈಸೂರು ರಾಜ್ಯದಲ್ಲಿ ಭೋವಿ ಎಂಬ ಹೆಸರಿನ ಜಾತಿಯೇ ಇರಲಿಲ್ಲವಾದ್ದರಿಂದ, ರಾಷ್ಟ್ರಪತಿಯ ಆದೇಶವು ಯಾರನ್ನು ಉದ್ದೇಶಿಸಿತ್ತೆಂದು ತಿಳಿಯಲು ಸಾಕ್ಷ್ಯ ಅನಿವಾರ್ಯವೆಂದು ಅದು ಕಂಡಿತು. ಅಲ್ಲಿ ವಡ್ಡರೇ ಭೋವಿಗಳೆಂಬ ನಿರ್ಣಯ ಉಳಿಯಿತು. ಈ ವಿನಾಯಿತಿ ಎಷ್ಟು ಕಿರಿದೆಂಬುದು 2000ದ ಮಿಲಿಂದ್ ಪ್ರಕರಣದಲ್ಲಿ ಸ್ಪಷ್ಟವಾಯಿತು. ಹಲ್ಬಾ ಎಂಬ ಹೆಸರಿನೊಳಗೆ ಹಲ್ಬಾ ಕೋಷ್ಟಿಗಳನ್ನು ಸೇರಿಸಲು ಸಂವಿಧಾನ ಪೀಠ ನಿರಾಕರಿಸಿತು. ಪಟ್ಟಿಯನ್ನು ಇದ್ದಂತೆಯೇ ಓದಬೇಕೆಂದಿತು.

ಮೂರನೆಯದು ಸಾಕ್ಷ್ಯದ ತೂಕದ ಪ್ರಶ್ನೆ. ಕುಲಾಚಾರಗಳನ್ನು ಕೇಳಿ ಜಾತಿಯನ್ನು ಗುರುತಿಸುವ ವಿಧಾನವನ್ನು ನ್ಯಾಯಾಲಯಗಳು 'ಸಂಬಂಧ ಪರೀಕ್ಷೆ' ಎಂಬರ್ಥದ ಪದದಿಂದ ಕರೆಯುತ್ತವೆ. ನಗರದಲ್ಲಿ ಬೆಳೆದ, ಓದಿದ, ಅಜ್ಜನ ಊರನ್ನೇ ಕಾಣದ ತರುಣಿಯು ಕುಲದೈವದ ಹೆಸರನ್ನು ಹೇಳದಿದ್ದರೆ ಅವಳ ಹುಟ್ಟು ಬದಲಾಗುವುದೇ? ಸಂಬಂಧ ಪರೀಕ್ಷೆಯನ್ನು ಏಕೈಕ ಒರೆಗಲ್ಲಾಗಿ ಬಳಸಬಾರದು, ಸ್ವಾತಂತ್ರ್ಯಪೂರ್ವದ ದಾಖಲೆಗಳಿಗೆ ಹೆಚ್ಚಿನ ಬೆಲೆಯುಂಟು ಎಂದು 2011ರಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿತು. ಮುಂದೆ ಈ ವಿಷಯದಲ್ಲಿ ಭಿನ್ನಾಭಿಪ್ರಾಯ ತಲೆದೋರಿದಾಗ 2023ರ ಮಾರ್ಚಿನಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠವು ಅದನ್ನೇ ದೃಢಪಡಿಸಿತು. ದಾಖಲೆಗಳಿಂದಲೇ ಸಮಿತಿಗೆ ತೃಪ್ತಿಯಾದರೆ ಜಾಗೃತ ದಳದ ವಿಚಾರಣೆಗೆ ಕಳುಹಿಸುವ ಅಗತ್ಯವೇ ಇಲ್ಲವೆಂದೂ ಅದು ಸೇರಿಸಿತು.

ನಾಲ್ಕನೆಯದು ಪರಿಣಾಮದ ಪ್ರಶ್ನೆ. ಪತ್ರ ರದ್ದಾದ ಮೇಲೆ ಹಲವು ವರ್ಷ ಸೇವೆ ಸಲ್ಲಿಸಿದವನ ಗತಿಯೇನು? ಮಿಲಿಂದ್ ಪ್ರಕರಣದಲ್ಲಿ ವೈದ್ಯಪದವಿಯನ್ನು ಪಡೆದಾಗಿದ್ದವನ ಪದವಿಯನ್ನು ನ್ಯಾಯಾಲಯ ಉಳಿಸಿತ್ತು. ಆದರೆ 2017ರ ಜುಲೈನಲ್ಲಿ, ಮಹಾರಾಷ್ಟ್ರದ ಶಾಸನವನ್ನು ಕುರಿತ ಪ್ರಕರಣಗಳಲ್ಲಿ, ಅದೇ ನ್ಯಾಯಾಲಯವು ಹೆಚ್ಚು ಕಠಿಣವಾಯಿತು. ಹಕ್ಕು ಸುಳ್ಳೆಂದು ನಿರ್ಣಯವಾದರೆ ಉದ್ಯೋಗವೂ ಪದವಿಯೂ ಹೋಗುತ್ತವೆ, ಮೋಸದ ಉದ್ದೇಶವಿತ್ತೆಂದು ಬೇರೆಯಾಗಿ ತೋರಿಸಬೇಕಾಗಿಲ್ಲ ಎಂಬುದು ಅದರ ಸಾರ. ಈ ಕಠಿಣತೆಗೆ ಕಾರಣವಿದೆ. ಪ್ರತಿ ಸುಳ್ಳು ಪತ್ರದ ಹಿಂದೆ ನಿಜವಾದ ಹಕ್ಕುದಾರನೊಬ್ಬ ತನ್ನ ಸ್ಥಾನವನ್ನು ಕಳೆದುಕೊಂಡಿರುತ್ತಾನೆ. ಪರಿಶೀಲನೆಯನ್ನು ದಬ್ಬಾಳಿಕೆಯೆಂದು ಮಾತ್ರ ಕಾಣುವವರು ಆ ಮುಖವಿಲ್ಲದ ಮನುಷ್ಯನನ್ನು ಮರೆಯುತ್ತಾರೆ.

ಕ್ರೈಸ್ತನ ಜಾತಿ

ಇಲ್ಲಿಯವರೆಗಿನದು ಎಲ್ಲ ಪ್ರಜೆಗಳಿಗೂ ಸಂಬಂಧಿಸಿದ್ದು. ಇನ್ನು ನಮ್ಮ ಜನರಿಗೇ ವಿಶೇಷವಾಗಿ ತಟ್ಟುವ ವಿಷಯಕ್ಕೆ ಬರೋಣ. 1950ರ ಆಗಸ್ಟ್ 10ರ ಪರಿಶಿಷ್ಟ ಜಾತಿಗಳ ಆದೇಶದ ಮೂರನೆಯ ಪರಿಚ್ಛೇದವು ಹಿಂದೂ ಧರ್ಮವಲ್ಲದೆ ಬೇರೆ ಧರ್ಮವನ್ನು ಅನುಸರಿಸುವ ಯಾರನ್ನೂ ಪರಿಶಿಷ್ಟ ಜಾತಿಯವರೆಂದು ಎಣಿಸಲಿಲ್ಲ. 1956ರಲ್ಲಿ ಸಿಖ್ಖರನ್ನೂ 1990ರಲ್ಲಿ ಬೌದ್ಧರನ್ನೂ ಅದರೊಳಗೆ ಸೇರಿಸಲಾಯಿತು. ಕ್ರೈಸ್ತರೂ ಮುಸಲ್ಮಾನರೂ ಹೊರಗೆ ಉಳಿದರು. ಪರಿಶಿಷ್ಟ ಪಂಗಡಗಳ ಆದೇಶದಲ್ಲಿ ಇಂಥ ಧರ್ಮದ ನಿರ್ಬಂಧವಿಲ್ಲ. ಆದುದರಿಂದ ದಲಿತ ಕ್ರೈಸ್ತನ ಸ್ಥಿತಿ ಬೇರೆ, ಆದಿವಾಸಿ ಕ್ರೈಸ್ತನ ಸ್ಥಿತಿ ಬೇರೆ. ಇವೆರಡನ್ನು ಬೆರೆಸಿ ಸಲಹೆ ಕೊಟ್ಟ ಸಭಾಪಾಲಕನು ತನ್ನ ಸಭಿಕನನ್ನು ಸಂಕಷ್ಟಕ್ಕೆ ಒಡ್ಡುತ್ತಾನೆ.

ಕೋಲಾರದ ಚಿನ್ನದ ಗಣಿ ಕ್ಷೇತ್ರದಿಂದ ಬಂದ ಎರಡು ಪ್ರಕರಣಗಳು ಈ ಭಾಗದ ಕಾನೂನಿಗೆ ಅಡಿಗಲ್ಲು. ಆದಿ ದ್ರಾವಿಡ ಕುಟುಂಬದ ರಾಜಗೋಪಾಲ್ ಎಂಬವರು 1949ರಲ್ಲಿ ಕ್ರೈಸ್ತರಾಗಿದ್ದರು. 1967ರಲ್ಲಿ ಅಲ್ಲಿನ ಮೀಸಲು ಸ್ಥಾನದಿಂದ ಆರಿಸಿಬಂದರು. ಎದುರಾಳಿ ಆರ್ಮುಗಂ ಅವರು ಅದನ್ನು ಪ್ರಶ್ನಿಸಿದರು. ಅವರು ಹಿಂದೂ ಧರ್ಮಕ್ಕೆ ಮರಳಿದ್ದು ನಿಜವಾದರೂ ಜಾತಿಯೊಳಗೆ ಮತ್ತೆ ಸೇರಿದ್ದು ಸಾಬೀತಾಗಿಲ್ಲವೆಂದು 1968ರಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿತು, ಆಯ್ಕೆ ಅಸಿಂಧುವಾಯಿತು. 1972ರಲ್ಲಿ ಅವರು ಮತ್ತೆ ಗೆದ್ದರು, ಆಯ್ಕೆ ಮತ್ತೆ ಪ್ರಶ್ನಿತವಾಯಿತು. ಈ ಬಾರಿ ಜಾತಿಯವರು ಅವರನ್ನು ತಮ್ಮವರೆಂದು ನಡೆಸಿಕೊಂಡದ್ದಕ್ಕೆ ಸಾಕ್ಷ್ಯವಿತ್ತು, ಆಯ್ಕೆ ಉಳಿಯಿತು. ಮತಾಂತರದಿಂದ ಜಾತಿ ಎಲ್ಲ ಸಂದರ್ಭಗಳಲ್ಲಿಯೂ ತಾನಾಗಿ ನಾಶವಾಗುವುದಿಲ್ಲ, ಅದು ಆ ಜಾತಿಯ ಕಟ್ಟುಪಾಡನ್ನು ಅವಲಂಬಿಸಿದೆ ಎಂದೂ ಆ ತೀರ್ಪು ಹೇಳಿತು. ಒಬ್ಬನೇ ಮನುಷ್ಯ, ಒಂದೇ ಹುಟ್ಟು, ಕೆಲವೇ ವರ್ಷಗಳ ಅಂತರದಲ್ಲಿ ಎರಡು ನಿರ್ಣಯಗಳು! ವ್ಯತ್ಯಾಸವೆಲ್ಲ ಸಮುದಾಯದ ಅಂಗೀಕಾರದ ಸಾಕ್ಷ್ಯದಲ್ಲಿತ್ತು.

2015ರಲ್ಲಿ ಕೇರಳದ ಮನು ಪ್ರಕರಣದಲ್ಲಿ ಈ ತತ್ತ್ವವು ಮೂರು ಅಂಶಗಳಾಗಿ ನೆಲೆಗೊಂಡಿತು. ಮೂಲಜಾತಿಯು ಪಟ್ಟಿಯಲ್ಲಿದೆಯೆಂಬುದಕ್ಕೆ ಸ್ಪಷ್ಟ ಆಧಾರ, ಪೂರ್ವಿಕರ ಧರ್ಮಕ್ಕೆ ಮರಳಿದ್ದಕ್ಕೆ ಆಧಾರ, ಸಮುದಾಯವು ಅಂಗೀಕರಿಸಿದ್ದಕ್ಕೆ ಆಧಾರ ಈ ಮೂರೂ ಬೇಕು. ಅಜ್ಜನ ಕಾಲದಲ್ಲಿಯೇ ಕ್ರೈಸ್ತವಾಗಿದ್ದ ಕುಟುಂಬದಲ್ಲಿ ಹುಟ್ಟಿ, ಪ್ರಾಪ್ತವಯಸ್ಕನಾದ ಮೇಲೆ ಮರಳಿದವನಿಗೂ ನ್ಯಾಯಾಲಯ ಆ ಹಕ್ಕನ್ನು ಕೊಟ್ಟಿತು. ಆದರೆ 2024ರ ನವೆಂಬರಿನಲ್ಲಿ ಪುದುಚೇರಿಯ ಒಂದು ಪ್ರಕರಣದಲ್ಲಿ ತೀರ್ಪು ಬೇರೆಯಾಯಿತು. ಅಲ್ಲಿ ಹಕ್ಕುದಾರಳು ತಾನು ಹಿಂದೂ ಎಂದಳು. ಆಕೆಯ ದೀಕ್ಷಾಸ್ನಾನದ ದಾಖಲೆ, ಕ್ರೈಸ್ತ ವಿವಾಹ ಶಾಸನದಡಿ ನೋಂದಣಿಯಾದ ತಂದೆತಾಯಿಗಳ ಮದುವೆ, ಆಕೆ ಸಭೆಯ ಆರಾಧನೆಗೆ ಹೋಗುತ್ತಿದ್ದುದು ಇವೆಲ್ಲ ವಿಚಾರಣೆಯಲ್ಲಿ ಹೊರಬಂದವು. ನಂಬಿಕೆಯಿಲ್ಲದೆ ಮೀಸಲಾತಿಗಾಗಿ ಮಾತ್ರ ಧರ್ಮವನ್ನು ಹೇಳಿಕೊಳ್ಳುವುದು ಸಂವಿಧಾನಕ್ಕೆ ಎಸಗುವ ವಂಚನೆಯೆಂದು ನ್ಯಾಯಾಲಯ ಕಟುವಾಗಿ ನುಡಿಯಿತು. ಸಭೆಯ ಪುಸ್ತಕವು ನ್ಯಾಯಾಲಯದಲ್ಲಿ ಸಾಕ್ಷಿ ನುಡಿದದ್ದನ್ನು ನಾವು ಗಮನಿಸಬೇಕು.

ಆದಿವಾಸಿ ಕ್ರೈಸ್ತನ ವಿಷಯದಲ್ಲಿ 2004ರ ಕೇರಳದ ಚಂದ್ರಮೋಹನನ್ ಪ್ರಕರಣವು ಮಾರ್ಗದರ್ಶಿ. ಮತಾಂತರದ ಮಾತ್ರದಿಂದ ಪಂಗಡದ ಸದಸ್ಯತ್ವ ಹೋಗುವುದಿಲ್ಲ. ಆ ವ್ಯಕ್ತಿ ಇನ್ನೂ ಪಂಗಡದ ಪದ್ಧತಿಗಳನ್ನು ಅನುಸರಿಸುತ್ತಾನೆಯೇ, ಅದೇ ಅನನುಕೂಲಗಳನ್ನು ಅನುಭವಿಸುತ್ತಾನೆಯೇ ಎಂಬುದನ್ನು ನೋಡಬೇಕೆಂದು ಅದು ಹೇಳಿತು. ಕುಲದೈವ ಯಾವುದು, ಶವವನ್ನು ಹೇಗೆ ಹೂಳುತ್ತೀರಿ ಎಂಬ ಪ್ರಶ್ನೆಗಳು ಇಂಥ ಕುಟುಂಬಕ್ಕೆ ಎಷ್ಟು ತೊಡಕಾಗುತ್ತವೆಂದು ಬೇರೆ ಹೇಳಬೇಕಾಗಿಲ್ಲ. ಸಂಬಂಧ ಪರೀಕ್ಷೆ ಒಂದೇ ಒರೆಗಲ್ಲಲ್ಲವೆಂಬ 2023ರ ತೀರ್ಪು ಇವರಿಗೆ ಆಸರೆಯಾಗಬಲ್ಲದು. ಹಳೆಯ ಶಾಲಾ ದಾಖಲೆಯಲ್ಲಿ ಅಥವಾ ಹಳೆಯ ಸಭಾಪುಸ್ತಕದಲ್ಲಿ ಪಂಗಡದ ಹೆಸರು ಇದ್ದರೆ ಅದಕ್ಕೆ ಬೆಲೆ ಬರುತ್ತದೆ.

ಸಭಾಪಾಲಕನ ಮೇಜಿನ ಮೇಲೆ

ಈಗ ನಾವು ಕಾರ್ಯರೂಪದ ಪ್ರಶ್ನೆಗೆ ಬರುತ್ತೇವೆ. ನೌಕರಿಯ ನಿರೀಕ್ಷೆಯಲ್ಲಿರುವ ಸಭಿಕನೊಬ್ಬ ಬಂದು, 'ಅಯ್ಯನವರೇ, ಪುಸ್ತಕದಲ್ಲಿ ನನ್ನ ಹೆಸರು ಇಲ್ಲವೆಂದು ಒಂದು ಪತ್ರ ಕೊಡಿ' ಎಂದು ಕೇಳಿದರೆ ಏನು ಮಾಡಬೇಕು? ಅವನ ಮನೆಯ ಬಡತನ ನಮಗೆ ಗೊತ್ತಿದೆ. ಅವನ ಅಜ್ಜನ ಬೆನ್ನ ಮೇಲಿದ್ದ ಅಸ್ಪೃಶ್ಯತೆಯ ಹೊರೆ ದೀಕ್ಷಾಸ್ನಾನದ ನೀರಿನಿಂದ ಊರವರ ಕಣ್ಣಿನಲ್ಲಿ ತೊಳೆದುಹೋಗಲಿಲ್ಲವೆಂಬುದೂ ಗೊತ್ತಿದೆ. ಹೀಗಿದ್ದರೂ ಆ ಪತ್ರವನ್ನು ನಾವು ಕೊಡಲಾಗದು. ಪುಸ್ತಕವನ್ನು ತಿದ್ದುವುದು, ಪುಟವನ್ನು ಕಳೆಯುವುದು, ಸುಳ್ಳು ದೃಢೀಕರಣ ನೀಡುವುದು ಅಪರಾಧ. ಅದಕ್ಕಿಂತ ಮೊದಲು ಅದು ದೇವರ ಹೆಸರಿನಲ್ಲಿ ಬರೆದಿಟ್ಟ ಸಾಕ್ಷಿಯನ್ನು ಅಳಿಸುವ ಕೃತ್ಯ. ಸುಳ್ಳುಪತ್ರವು ಆ ಸಭಿಕನನ್ನೂ ಕಾಪಾಡದು. ಹತ್ತು ವರ್ಷಗಳ ನಂತರ ಅದು ಬಯಲಾದರೆ ಅವನು ನೌಕರಿಯನ್ನೂ ಕಳೆದುಕೊಳ್ಳುವನು.

ಆದರೆ ನಿರಾಕರಿಸಿದ ಮಾತ್ರಕ್ಕೆ ನಮ್ಮ ಕರ್ತವ್ಯ ಮುಗಿಯದು. ಅವನಿಗಿರುವ ಸತ್ಯವಾದ ದಾರಿಯನ್ನು ತೋರಿಸಬೇಕು. ಕರ್ನಾಟಕದ ಹಿಂದುಳಿದ ವರ್ಗಗಳ ಪಟ್ಟಿಯಲ್ಲಿ ಪರಿಶಿಷ್ಟ ಜಾತಿಯಿಂದ ಕ್ರೈಸ್ತರಾದವರು ಪ್ರವರ್ಗ 1ರಲ್ಲಿ ಇದ್ದಾರೆ. ಇತರ ಕ್ರೈಸ್ತರು 3ಬಿ ಪ್ರವರ್ಗದಲ್ಲಿ ಇದ್ದಾರೆ. ಈ ವ್ಯತ್ಯಾಸವನ್ನು ಅರಿಯದೆ 'ಕ್ರಿಶ್ಚಿಯನ್' ಎಂದಷ್ಟೇ ಬರೆಸಿ ತಮ್ಮ ಪಾಲನ್ನು ಕಳೆದುಕೊಂಡವರು ಇರಬಹುದು. ಮೂಲಜಾತಿಯನ್ನು ತೋರಿಸುವ ಅಜ್ಜನ ಕಾಲದ ದಾಖಲೆಯನ್ನು ಪುಸ್ತಕದಿಂದ ತೆಗೆದು ದೃಢೀಕೃತ ನಕಲನ್ನು ಕೊಡುವುದು ಸಭೆಯು ಮಾಡಬಹುದಾದ ನಿಜವಾದ ಸಹಾಯ. ಸಮಿತಿಯಿಂದ ನೋಟಿಸು ಬಂದರೆ ಗಡುವಿನೊಳಗೆ ಉತ್ತರಿಸಬೇಕು, ಜಾಗೃತ ದಳದ ವರದಿಯ ಪ್ರತಿಯನ್ನು ಕೇಳಿ ಪಡೆಯಬೇಕು, ವಕೀಲರನ್ನು ಕಾಣಬೇಕು ಎಂದು ತಿಳಿಸಬೇಕು. ವಿಚಾರಣೆಗೆ ಬಂದ ಅಧಿಕಾರಿಗೆ ಪುಸ್ತಕದಲ್ಲಿರುವುದನ್ನು ಹೇಳಬೇಕು. ಸಭಿಕನ ಅಂತರಂಗದ ನಂಬಿಕೆಯ ಬಗ್ಗೆ ಊಹೆಯ ತೀರ್ಪು ಕೊಡಬಾರದು. ಸಭೆಯೊಳಗಿನ ಜಗಳದ ಸೇಡಿಗಾಗಿ ಪುಸ್ತಕದ ಪ್ರತಿಯನ್ನು ಮತ್ತೊಬ್ಬರ ಕೈಗಿಡುವುದಂತೂ ಕುರಿಗಳನ್ನು ತೋಳಕ್ಕೆ ಒಪ್ಪಿಸಿದಂತೆ.

ಎರಡು ಅರಿಕೆಗಳು

ಇನ್ನೊಂದು ತೀರ್ಪನ್ನು ನಾವು ಕೊನೆಗಾಗಿ ಉಳಿಸಿಕೊಂಡಿದ್ದೇವೆ. ಮದರಾಸಿನ ಬೀದಿಯಲ್ಲಿ ಚಪ್ಪಲಿ ಹೊಲಿಯುತ್ತಿದ್ದ ಸೂಸೈ ಎಂಬ ಕ್ರೈಸ್ತನಿಗೆ, ಹಿಂದೂ ಪರಿಶಿಷ್ಟ ಜಾತಿಯ ಚಮ್ಮಾರರಿಗೆ ಉಚಿತವಾಗಿ ಕೊಟ್ಟ ಪೆಟ್ಟಿಗೆಯಂಗಡಿ ದೊರೆಯಲಿಲ್ಲ. ಅವನು 1950ರ ಆದೇಶವನ್ನೇ ಪ್ರಶ್ನಿಸಿದನು. 1985ರಲ್ಲಿ ಸರ್ವೋಚ್ಚ ನ್ಯಾಯಾಲಯವು ಅವನ ಅರ್ಜಿಯನ್ನು ವಜಾ ಮಾಡಿತು. ಮತಾಂತರದ ನಂತರವೂ ಜಾತಿ ಮುಂದುವರಿಯುವುದೆಂದು ತೋರಿಸಿದರೆ ಸಾಲದು. ಅದರ ಅನನುಕೂಲಗಳು ಕ್ರೈಸ್ತ ಸಮುದಾಯದೊಳಗೂ ಅದೇ ತೀವ್ರತೆಯಲ್ಲಿ ಉಳಿದಿವೆಯೆಂದು ತೋರಿಸಬೇಕು, ಅದಕ್ಕೆ ಬೇಕಾದ ಸಾಮಗ್ರಿ ತನ್ನ ಮುಂದಿಲ್ಲ ಎಂದು ಹೇಳಿತು. 2007ರಲ್ಲಿ ರಂಗನಾಥ ಮಿಶ್ರ ಆಯೋಗವು ಪರಿಶಿಷ್ಟ ಜಾತಿಯ ಸ್ಥಾನವನ್ನು ಧರ್ಮದಿಂದ ಬಿಡಿಸಬೇಕೆಂದು ಶಿಫಾರಸು ಮಾಡಿತು. 2022ರ ಅಕ್ಟೋಬರಿನಲ್ಲಿ ಇದೇ ವಿಷಯದ ವಿಚಾರಣೆಗೆ ನಿವೃತ್ತ ಮುಖ್ಯ ನ್ಯಾಯಮೂರ್ತಿ ಕೆ.ಜಿ. ಬಾಲಕೃಷ್ಣನ್ ಅವರ ಅಧ್ಯಕ್ಷತೆಯಲ್ಲಿ ಮತ್ತೊಂದು ಆಯೋಗವನ್ನು ನೇಮಿಸಲಾಯಿತು.

ಸೂಸೈಯ ಪ್ರಕರಣವು ಸಭೆಯ ಮುಂದೆ ಹಿಡಿದ ಕನ್ನಡಿಯನ್ನು ನಾವು ತಪ್ಪಿಸಿಕೊಳ್ಳಲಾರೆವು. ದಲಿತ ಕ್ರೈಸ್ತನಿಗೆ ನ್ಯಾಯ ದೊರೆಯಬೇಕಾದರೆ, ಕ್ರಿಸ್ತನಲ್ಲಿ ಭೇದವಿಲ್ಲವೆಂದು ಸಾರುವ ಸಭೆಯು ತನ್ನೊಳಗೆ ಭೇದವುಂಟೆಂದು ಒಪ್ಪಿಕೊಳ್ಳಬೇಕು. ಬೇರೆ ಸಮಾಧಿಭೂಮಿ, ಬೇರೆ ಸಾಲಿನ ಆಸನ, ಜಾತಿ ನೋಡಿ ನಡೆಯುವ ಮದುವೆ ಇವು ನಮ್ಮ ದೇಶದ ಸಭೆಗಳಲ್ಲಿ ಎಲ್ಲಿಯೂ ಇಲ್ಲವೆಂದು ಹೇಳುವ ಧೈರ್ಯ ನಮಗಿಲ್ಲ. ಗಲಾತ್ಯರಿಗೆ ಪೌಲನು ಬರೆದ ಸಮಾನತೆಯ ಮಾತನ್ನು ವೇದಿಕೆಯಿಂದ ಓದಿ, ಆ ಮಾತನ್ನು ನಾವು ಪಾಲಿಸಿದ್ದೇವೆಂದು ಸರ್ಕಾರಕ್ಕೆ ತೋರಿಸಿಕೊಂಡರೆ, ನಮ್ಮ ಮರ್ಯಾದೆ ಉಳಿದೀತು. ಚಮ್ಮಾರನಿಗೆ ಅಂಗಡಿ ಸಿಕ್ಕದು. ಹೀಗೆ ಜಾತಿ ಪ್ರಮಾಣಪತ್ರದ ಪ್ರಶ್ನೆಯು ಸಭೆಯಿಂದ ಎರಡು ಅರಿಕೆಗಳನ್ನು ಕೇಳುತ್ತದೆ. ಒಂದು, ತನ್ನ ಪುಸ್ತಕದಲ್ಲಿ ಬರೆದಿರುವುದರ ವಿಷಯವಾಗಿ ಸತ್ಯ. ಇನ್ನೊಂದು, ತನ್ನ ಪುಸ್ತಕದಲ್ಲಿ ಬರೆಯದೆ ಬಿಟ್ಟಿರುವುದರ ವಿಷಯವಾಗಿ ಸತ್ಯ. ಬಡ ಸಭಿಕನಿಂದ ಮೊದಲನೆಯದನ್ನು ಕಟ್ಟುನಿಟ್ಟಾಗಿ ಕೇಳಿ, ಎರಡನೆಯದನ್ನು ನಾವೇ ಮುಚ್ಚಿಟ್ಟರೆ ಅದು ಪರಿಸಾಯರ ನೀತಿಯಾಗುತ್ತದೆ.

ಪೌಲನು ಫಿಲಿಪ್ಪಿಯಲ್ಲಿಯೂ ಯೆರೂಸಲೇಮಿನಲ್ಲಿಯೂ ತನ್ನ ಹುಟ್ಟಿನ ಪೌರತ್ವವನ್ನು ಅಧಿಕಾರಿಗಳ ಮುಂದೆ ಹೇಳಿಕೊಳ್ಳಲು ನಾಚಲಿಲ್ಲ. ಸ್ವರ್ಗದ ಪೌರತ್ವವನ್ನು ಕುರಿತು ಬರೆದವನೂ ಅವನೇ. ಕಾನೂನು ಕೊಡುವ ಹಕ್ಕನ್ನು ಕೇಳುವುದು ನಂಬಿಕೆಯ ಕೊರತೆಯೆಂದು ನಾವು ಬೋಧಿಸಬಾರದು. ಕಾನೂನು ಅನ್ಯಾಯವಾಗಿದ್ದರೆ ಅದನ್ನು ಬಹಿರಂಗವಾಗಿ ಪ್ರಶ್ನಿಸುವುದು ಸಭೆಯ ಸಾಕ್ಷಿಯ ಭಾಗ. ಅದನ್ನು ಗುಟ್ಟಾಗಿ ವಂಚಿಸಲು ಸಹಕರಿಸುವುದು ಆ ಸಾಕ್ಷಿಯನ್ನು ಮಾರಿಕೊಂಡಂತೆ.

ಎಜ್ರನ ಪಟ್ಟಿಯಲ್ಲಿ ಹೊರಗುಳಿದ ಹಕ್ಕೋಚನ ಮನೆತನಕ್ಕೆ ಮುಂದೆ ಏನಾಯಿತು? ನೆಹೆಮೀಯನು ಯೆರೂಸಲೇಮಿನ ಗೋಡೆಯನ್ನು ಕಟ್ಟಿದವರ ಹೆಸರುಗಳನ್ನು ಬರೆಯುವಾಗ ಹಕ್ಕೋಚನ ಮೊಮ್ಮಗನೂ ಊರೀಯನ ಮಗನೂ ಆದ ಮೆರೇಮೋತ್ ಎಂಬವನನ್ನು ಹೆಸರಿಸುತ್ತಾನೆ. ಎಜ್ರನ ಗ್ರಂಥದ ಎಂಟನೆಯ ಅಧ್ಯಾಯದಲ್ಲಿ ದೇವಾಲಯದ ಬೆಳ್ಳಿಬಂಗಾರವನ್ನು ತೂಗಿ ಒಪ್ಪಿಸಿಕೊಂಡ ಯಾಜಕನ ಹೆಸರೂ ಊರೀಯನ ಮಗನಾದ ಮೆರೇಮೋತ್. ಇಬ್ಬರೂ ಒಬ್ಬನೇ ಆಗಿದ್ದರೆ, ದಾಖಲೆಯಿಲ್ಲದೆ ಹೊರಗೆ ನಿಂತ ಮನೆತನವು ಒಂದು ದಿನ ಒಳಗೆ ಬಂದಿತೆಂದು ಅನೇಕ ವ್ಯಾಖ್ಯಾನಕಾರರು ಎಣಿಸುತ್ತಾರೆ. ನಿರ್ಣಯ ಬರುವವರೆಗೆ ಆ ಮನೆತನದವರು ಸುಳ್ಳು ವಂಶಾವಳಿಯನ್ನು ಬರೆಸಿದ ಸೂಚನೆ ಸತ್ಯವೇದದಲ್ಲಿಲ್ಲ. ಅವರು ಗೋಡೆಯನ್ನು ಕಟ್ಟಿದರು. ಹೊರಗೆ ನಿಂತವರೊಂದಿಗೆ ನಿಂತು, ಅವರ ಪರವಾಗಿ ನಿಜವನ್ನೇ ನುಡಿದು, ನಿರ್ಣಯಕ್ಕಾಗಿ ಅವರೊಡನೆ ಕಾಯುವುದು ಸಭಾಪಾಲಕರಾದ ನಮಗೆ ಉಳಿದಿರುವ ಕೆಲಸ.